ಕಸುಬುದಾರನ ಕಥೆಯನ್ನು ಕಸುಬುದಾರನೇ ಹೇಳಿದ್ದು

ಬೇಲೂರಿಗೆ ಕ್ಯಾಮೆರಾ ಹೊತ್ತುಕೊಂಡು ಹೋದವರು ಮೊದಲ ದಿನ ಸೋತೇ ಬರುತ್ತಾರೆ. ಚೆನ್ನಕೇಶವ ಗುಡಿಯ ಸೂರಿನಡಿ ಮುಂದಕ್ಕೆ ಬಾಗಿ ನಿಂತ ಶಿಲಾಸುಂದರಿ ಮದನಿಕೆಯನ್ನು ನಡುಮಧ್ಯಾಹ್ನ ಕೆಳಗಿನಿಂದ ತೆಗೆದರೆ ಪಕ್ಕದ ಆಕಾಶ ಬೆಳ್ಳಗೆ, ಅವಳ ಮುಖ ಮಸಿ. ಫ್ಲ್ಯಾಷ್ ಹಾಕಿದಿರೋ, ಕೊರೆತವೆಲ್ಲ ಚಪ್ಪಟೆ. ಬಳಪದ ಕಲ್ಲಿನ ಆ ನಯ, ದರ್ಪಣಸುಂದರಿಯ ಒಡವೆಯ ಒಂದೊಂದು ಗೆರೆ ಕಾಣಬೇಕಾದರೆ ಓರೆ ಬಿಸಿಲಿಗೆ ಕಾಯಬೇಕು. ನೆರಳಿಲ್ಲದೆ ಶಿಲ್ಪವಿಲ್ಲ.

ಅಲ್ಲಿ ಹಾಗೆ ಕಾಯುವಾಗಲೆಲ್ಲ ನನಗೆ ಬಿ.ಎಸ್. ರಂಗಾ ನೆನಪಾಗುತ್ತಾರೆ. ಕನ್ನಡದ ಮೊದಲ ಪೂರ್ಣ ಪ್ರಮಾಣದ ವರ್ಣಚಿತ್ರ ‘ಅಮರಶಿಲ್ಪಿ ಜಕಣಾಚಾರಿ’ 1964ರಲ್ಲಿ ಬಂದದ್ದು ಅವರಿಂದ. ಜಕಣಾಚಾರಿಯಾಗಿ ಕಲ್ಯಾಣ್‌ಕುಮಾರ್, ಜೊತೆಗೆ ಬಿ. ಸರೋಜಾದೇವಿ. ತಮಾಷೆ ನೋಡಿ, ಮೊದಲ ಬಣ್ಣದ ಚಿತ್ರಕ್ಕೆ ಅವರು ಆರಿಸಿಕೊಂಡದ್ದು ಕಲ್ಲುಕುಟಿಗನ ಕಥೆ!

1917ರಲ್ಲಿ ಹುಟ್ಟಿದ ರಂಗಾ ಫೋಟೊಗ್ರಾಫರ್ ಆಗಿದ್ದವರು. ಆಮೇಲೆ ಚಲನಚಿತ್ರ ಛಾಯಾಗ್ರಾಹಕ, ನಿರ್ದೇಶಕ, ನಿರ್ಮಾಪಕ. ಕೊನೆಗೆ ಮದರಾಸಿನಲ್ಲಿ ತಮ್ಮದೇ ವಿಕ್ರಂ ಸ್ಟುಡಿಯೊ. ಇನ್ನೊಬ್ಬರ ಅಂಗಳದಲ್ಲಿ ಸರದಿ ಕಾಯುವ ಗೋಜಿಲ್ಲ. 1959ರಲ್ಲಿ ರಾಜ್‌ಕುಮಾರ್ ಅವರನ್ನು ಮಹಿಷಾಸುರನಾಗಿ ನಿಲ್ಲಿಸಿದ ‘ಮಹಿಷಾಸುರ ಮರ್ದಿನಿ’ಯೂ ಅವರದೇ. ಜಕಣಾಚಾರಿಯ ಕಥೆಯನ್ನು ಅಕ್ಕಿನೇನಿ ನಾಗೇಶ್ವರರಾವ್ ನಾಯಕತ್ವದಲ್ಲಿ ತೆಲುಗಿನಲ್ಲೂ ಅದೇ ವರ್ಷ ತಂದರು. ಬಣ್ಣದ ಫಿಲ್ಮು ದುಬಾರಿಯಾಗಿದ್ದ ಕಾಲ. ಕಲೆಯ ಜೊತೆ ಲೆಕ್ಕಾಚಾರವೂ ಬೇಕಿತ್ತು.

ಕಥೆ ಎಲ್ಲರಿಗೂ ಗೊತ್ತಿರುವುದೇ. ವಿಗ್ರಹದಲ್ಲಿ ದೋಷವಿದೆ ಎನ್ನುತ್ತಾನೆ ಒಬ್ಬ ಹುಡುಗ. ಮೈಗೆಲ್ಲ ಗಂಧ ಬಳಿದು ನೋಡಿದರೆ ಹೊಕ್ಕುಳ ಹತ್ತಿರ ಮಾತ್ರ ಒಣಗುವುದಿಲ್ಲ. ಒಡೆದರೆ ಒಳಗೆ ನೀರು, ಕಪ್ಪೆ. ಶಿಲ್ಪಿ ತನ್ನ ಕೈಯನ್ನೇ ಕಡಿದುಕೊಳ್ಳುತ್ತಾನೆ. ಹುಡುಗ ಅವನ ಮಗನೇ. ಬೇಲೂರಿನ ಕಪ್ಪೆ ಚೆನ್ನಿಗರಾಯನ ಗುಡಿ ಮುಂದೆ ಗೈಡುಗಳು ಇದನ್ನು ಇಂದಿಗೂ ಹೇಳುತ್ತಾರೆ.

ಜಕಣಾಚಾರಿ ಐತಿಹ್ಯದವನು. ಆದರೆ ಅದೇ ಆವರಣದ ಚೆನ್ನಕೇಶವ ಗುಡಿಯ ಮದನಿಕೆಗಳ ಪೀಠದಲ್ಲಿ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ತಮ್ಮ ಹೆಸರು ಕೆತ್ತಿದ್ದಾರೆ. ಇಲ್ಲೂ ಅಪ್ಪ–ಮಗ! ಕಸುಬುದಾರನ ಮಾನ ಏನೆಂಬುದು ಕ್ಯಾಮೆರಾದ ಹಿಂದೆ ನಿಂತವರಿಗೆ ತಿಳಿಯದೇ ಇದ್ದೀತೇ? ರಂಗಾ ಈ ಕಥೆ ಹಿಡಿದದ್ದು ಆಕಸ್ಮಿಕ ಅಂತ ನನಗನ್ನಿಸುವುದಿಲ್ಲ.

ಮುಂದಿನ ಸಲ ಬೇಲೂರಿಗೆ ಹೋದಾಗ ಮದನಿಕೆಯ ಪಾದದ ಕೆಳಗೂ ಒಮ್ಮೆ ಕಣ್ಣು ಹಾಯಿಸಿ. ಹಾಗೆಯೇ ಸಿನಿಮಾ ನೋಡುವಾಗ ‘ಛಾಯಾಗ್ರಹಣ’ ಎಂಬ ಸಾಲು ಬರುವ ಮುಂಚೆಯೇ ಸೀಟಿನಲ್ಲಿ ಕೂತಿರಿ.