ಅಳಿಸಿದ ಮುಖದ ಗಾಥಿಕ್

ಮಾನ್‌ಸ್ಟರ್ ಹೈ ಗೊಂಬೆಗಳ ಬಗ್ಗೆ ಒಂದು ಅಭಿಪ್ರಾಯ ಬಹುಕಾಲದಿಂದ ಪ್ರಶ್ನೆಯಿಲ್ಲದೆ ಚಲಾವಣೆಯಲ್ಲಿದೆ. ಬಾರ್ಬಿಯ ಗುಲಾಬಿ ಲೋಕಕ್ಕೆ ಇವು ಕಪ್ಪು ಬಟ್ಟೆ ತೊಟ್ಟು ಬಂದ ಗಾಥಿಕ್ ಪ್ರತಿಭಟನೆಯಂತೆ. ಡ್ರಾಕುಲಾನ ಮಗಳೂ ತೋಳಮಾನವನ ಮಗಳೂ ಸೇರಿ ಚೆಲುವಿನ ಅಳತೆಗೋಲನ್ನೇ ಮುರಿದರಂತೆ. ಈ ಗೊಂಬೆಗಳೆಂದರೆ ನನಗೆ ತುಂಬ ಇಷ್ಟ. ಇಷ್ಟವಿರುವುದರಿಂದಲೇ ಈ ಮಾತನ್ನು ಒಪ್ಪಲಾರೆ.

2010ರಲ್ಲಿ ಇವನ್ನು ಅಂಗಡಿಗೆ ತಂದದ್ದು ಬಾರ್ಬಿಯನ್ನು ತಯಾರಿಸುವ ಅದೇ ಮ್ಯಾಟೆಲ್. ಅದಾದರೂ ಇರಲಿ, ಆ ಮೊದಲ ಸರಣಿಯ ಗೊಂಬೆಯೊಂದನ್ನು ಕೈಗೆತ್ತಿಕೊಂಡು ನೋಡಿ: ಸೊಂಟ ಬಾರ್ಬಿಗಿಂತ ಸಣ್ಣ, ತೋಳು ಕಡ್ಡಿಯಷ್ಟು, ಪಾದ ಸದಾ ಹೈಹೀಲ್ಸ್‌ಗೆ ಸಿದ್ಧ. ಫ್ರಾಂಕಿ ಸ್ಟೈನ್‌ಳ ಕೆನ್ನೆಯ ಹೊಲಿಗೆ ಬರೀ ಅಚ್ಚೊತ್ತಿದ ಗೆರೆ. 2022ರ ಮರುಹುಟ್ಟಿನಲ್ಲಿ ಡ್ರಾಕುಲಾರಾ ಮೈದುಂಬಿಕೊಂಡಳಲ್ಲ, ಫ್ರಾಂಕಿಗೆ ಕೃತಕ ಕಾಲು ಬಂತಲ್ಲ ಎಂದು ಕೇಳುವವರಿದ್ದಾರೆ. ಬಂತು, ಅದು ಬೇಕಾಗಿದ್ದ ತಿದ್ದುಪಡಿಯೇ. ಆದರೆ ಪ್ರಾತಿನಿಧ್ಯ ಸರಿಹೋದ ಮಾತ್ರಕ್ಕೆ ಗೊಂಬೆ ಗಾಥಿಕ್ ಆಗಿಬಿಡುವುದಿಲ್ಲ.

1818ರಲ್ಲಿ ಪ್ರಕಟವಾದ ಮೇರಿ ಶೆಲ್ಲಿಯ ‘ಫ್ರಾಂಕೆನ್‌ಸ್ಟೈನ್’ ಕಾದಂಬರಿಯಲ್ಲಿ ನಮ್ಮನ್ನು ಕಾಡುವುದು ಆ ಜೀವಿಯ ವಿಕಾರ ರೂಪಕ್ಕಿಂತ ಹೆಚ್ಚಾಗಿ ಅದು ಹುಟ್ಟಿದ ಬಗೆ: ಸತ್ತವರ ಅಂಗಾಂಗ ಆರಿಸಿ ತಂದು ಜೋಡಿಸಿದ ಕೆಲಸ, ಆಮೇಲೆ ತನ್ನ ಕೈಯ ಸೃಷ್ಟಿಗೇ ಬೆನ್ನು ತಿರುಗಿಸಿ ಓಡಿದ ಸೃಷ್ಟಿಕರ್ತ. ಗಾಥಿಕ್ ಒಂದು ಕ್ರಿಯೆ. ಜಾಲತಾಣಗಳ ಗಾಥಿಕ್ ಫ್ಯಾಷನ್ನು ಅದನ್ನು ಲೇಸು, ಬಾವಲಿ, ಶಿಲುಬೆಗಳ ಪಟ್ಟಿಗೆ ಇಳಿಸಿದೆ. ಕ್ರಿಯೆ ಉಳಿದುಕೊಂಡಿರುವುದು ಗೊಂಬೆಗಳನ್ನು ಬಿಚ್ಚಿ ಮತ್ತೆ ಕಟ್ಟುವ ಹವ್ಯಾಸಿಗಳ ಮೇಜಿನ ಮೇಲೆ.

ಆ ಕೆಲಸ ನೋಡಬೇಕು. ತಲೆಯನ್ನು ಬಿಸಿನೀರಿನಲ್ಲಿ ಅದ್ದಿ ಮೆತ್ತಗಾಗಿಸಿ ಕತ್ತಿನಿಂದ ಕಳಚುತ್ತಾರೆ. ತಲೆ ವಿನೈಲ್, ಅಸಿಟೋನ್ ತಾಳಿಕೊಳ್ಳುತ್ತದೆ. ಮೈ ಗಟ್ಟಿ ಪ್ಲಾಸ್ಟಿಕ್, ಹನಿ ಬಿದ್ದರೂ ಕರಗಿ ಕಲೆಯಾಗುತ್ತದೆ. ಹತ್ತಿಯಿಂದ ಉಜ್ಜಿದಂತೆ ಕಾರ್ಖಾನೆಯ ಕಣ್ಣು ಮೊದಲು ಕಲಸಿಹೋಗಿ, ಆಮೇಲೆ ಇಲ್ಲವಾಗುತ್ತದೆ. ಹಳೆಯ ಕೂದಲನ್ನು ಕತ್ತರಿಸಿ, ಬುಡವನ್ನು ಕತ್ತಿನ ತೂತಿನಿಂದ ಇಕ್ಕಳ ಹಾಕಿ ಎಳೆದು, ಹೊಸ ಕೂದಲನ್ನು ಸೂಜಿಯಿಂದ ತೂತು ತೂತಿಗೂ ನಾಟುತ್ತಾರೆ. ಮಾಸ್ಕ್ ಹಾಕಿಕೊಂಡು ಮ್ಯಾಟ್ ಸೀಲರ್ ಸಿಂಪಡಿಸಿ, ಅದರ ಮೇಲೆ ಪಾಸ್ಟೆಲ್ ಪುಡಿ, ಜಲವರ್ಣದ ಪೆನ್ಸಿಲ್, ಮತ್ತೆ ಸೀಲರ್. ಹೀಗೆ ಮುಖ ಪದರ ಪದರವಾಗಿ ಬರುತ್ತದೆ.

ಜಪಾನಿನ ವೋಲ್ಕ್ಸ್ ಕಂಪನಿ 1999ರಲ್ಲಿ ಸೂಪರ್ ಡಾಲ್ಫಿ ತಂದ ಮೇಲೆ ಬಣ್ಣ ಬಳಿಯದ ಖಾಲಿ ತಲೆಗಳೇ ಮಾರಾಟಕ್ಕೆ ಸಿಗುತ್ತವೆ, ಅಳಿಸುವ ಶ್ರಮವೇಕೆ ಎಂಬ ಆಕ್ಷೇಪ ಹಗುರವಾದದ್ದಲ್ಲ. ಆ ರೆಸಿನ್ ತಲೆಗಳು ಕುಸುರಿಯಲ್ಲಿ ಎಷ್ಟೋ ಮೇಲು. ಆದರೆ ಅವಕ್ಕೆ ಪೂರ್ವಜನ್ಮವಿಲ್ಲ. ಬ್ಲೈತ್‌ಗೆ ಇದೆ: 1972ರಲ್ಲಿ ಕೆನ್ನರ್ ತಂದ, ದಾರ ಎಳೆದರೆ ಕಣ್ಣಿನ ಬಣ್ಣ ಬದಲಿಸುವ ಆ ದೊಡ್ಡ ತಲೆಯ ಗೊಂಬೆ ಒಂದೇ ವರ್ಷದಲ್ಲಿ ಅಂಗಡಿಯಿಂದ ಮಾಯವಾಯಿತು. 2000ದಲ್ಲಿ ಜೀನಾ ಗರಾನ್ ಅವರ ಛಾಯಾಚಿತ್ರಗಳ ಪುಸ್ತಕ ಬಂದು, ಮರುವರ್ಷ ಜಪಾನಿನ ಟಕಾರಾ ಅದನ್ನು ಮತ್ತೆ ತಯಾರಿಸಿತು. ಇಂದು ಅದರ ತಲೆಯ ಸ್ಕ್ರೂ ಬಿಚ್ಚಿ ತುಟಿ ಕೆತ್ತುವವರು, ಒಮ್ಮೆ ತಿರಸ್ಕಾರಕ್ಕೆ ಒಳಗಾದ ಮುಖವನ್ನೇ ಕೆತ್ತುತ್ತಿದ್ದಾರೆ.

ಹಾಗೆಂದು ಈ ಕಲಾವಿದರನ್ನೂ ಸುಮ್ಮನೆ ಬಿಡಲಾರೆ. ಕಾರ್ಖಾನೆಯ ಒಂದು ಮುಖ ಅಳಿಸಿ ಹವ್ಯಾಸಿಗಳ ಇನ್ನೊಂದು ಸಿದ್ಧಮುಖ ಬರೆಯುವುದು ರೂಢಿಯಾಗಿದೆ: ನೀರು ತುಂಬಿದ ಕಣ್ಣು, ಅರೆತೆರೆದ ತುಟಿ, ಮೂಗಿನ ಮೇಲೆ ಚುಕ್ಕೆ. ಜೋಡಣೆಯ ಗುರುತನ್ನು ಉಜ್ಜಿ ನಯಗೊಳಿಸಿದಷ್ಟೂ ಹೊಗಳಿಕೆ ಹೆಚ್ಚು. ನನಗೆ ಬೇಕಾದದ್ದು ಆ ಗುರುತೇ. ಒಂದು ಗೊಂಬೆಯ ಮುಂಗೈಯನ್ನು ಇನ್ನೊಂದಕ್ಕೆ ಕೂಡಿಸಿ, ನಡುವೆ ಎಪಾಕ್ಸಿ ಜೇಡಿಯ ಗಂಟನ್ನು ಹಾಗೇ ಕಾಣುವಂತೆ, ಅದರ ಮೇಲೆ ಹೆಬ್ಬೆರಳಿನ ಒತ್ತು ಉಳಿದಿರುವಂತೆ ಬಿಟ್ಟವರನ್ನು ನಾನು ಈ ಹವ್ಯಾಸದ ಮೊದಲ ಸಾಲಿನಲ್ಲಿ ಇಡುತ್ತೇನೆ, ಅವರ ರೆಪ್ಪೆಗೆರೆ ಎಷ್ಟೇ ವಕ್ರವಾಗಿರಲಿ.