ಸಹನೆಯೋ, ಧೈರ್ಯವೋ?
ಕುಂದಾಪುರ ಸೀಮೆಯ ಕೆಲವು ಕೃತಿಗಳನ್ನು ಕುರಿತು

ಧೈರ್ಯವೆಂದೊಡನೆ ಜೈನ ಓದುಗರ ಮನಸ್ಸಿಗೆ ಬರುವುದು, ಗೆದ್ದ ರಾಜ್ಯವನ್ನು ಅಣ್ಣನಿಗೇ ಒಪ್ಪಿಸಿ ತಪಸ್ಸಿಗೆ ನಿಂತ ಬಾಹುಬಲಿಯ ಚಿತ್ರ. ಕ್ರಿ.ಶ. 941ರಲ್ಲಿ ಪಂಪನು ‘ಆದಿಪುರಾಣ’ದಲ್ಲಿ ನಿರೂಪಿಸಿದ ಆ ಪ್ರಸಂಗದಲ್ಲಿ ಧೈರ್ಯವೆಂಬುದು ಗೆಲ್ಲುವ ಶಕ್ತಿ ಮಾತ್ರವಲ್ಲ, ಗೆದ್ದುದನ್ನು ಬಿಡುವ ಶಕ್ತಿಯೂ ಹೌದು. ಅದಾಗಿ ಸಾವಿರ ವರ್ಷಗಳ ಮೇಲೆ, 1941ರಲ್ಲಿ, ಕೋಟದ ಶಿವರಾಮ ಕಾರಂತರು ‘ಮರಳಿ ಮಣ್ಣಿಗೆ’ಯನ್ನು ಬರೆದರು. ಅದರ ಪಾತ್ರಗಳಿಗೆ ಬಿಡಲು ರಾಜ್ಯವಿಲ್ಲ. ಕೆಲವರಿಗೆ ತಮ್ಮದೆನ್ನಲು ಒಂದು ಮಾತೂ ಇಲ್ಲ. ಅಂಥವರ ಧೈರ್ಯ ಯಾವ ಬಗೆಯದು?

ಕಡಲಿಗೂ ಹೊಳೆಗೂ ಸಮೀಪದ ಕೋಡಿ ಗ್ರಾಮದಲ್ಲಿ ಮೂರು ತಲೆಮಾರುಗಳ ಈ ಕಥೆ ನಡೆಯುತ್ತದೆ. ಮಕ್ಕಳಿಲ್ಲದ ಕಾರಣಕ್ಕೆ ಗಂಡ ರಾಮ ಐತಾಳರು ಎರಡನೆಯ ಮದುವೆಯಾದಾಗ ಪಾರೋತಿ ಸವತಿಯೊಡನೆ ಬಾಳುತ್ತಾಳೆ. ಐತಾಳರ ವಿಧವೆ ತಂಗಿ ಸರಸೋತಿ ಆ ಮನೆಯ ದುಡಿಮೆಗೆ ಬೆನ್ನೆಲುಬಾಗುತ್ತಾಳೆ. ಮುಂದಿನ ತಲೆಮಾರಿನ ನಾಗವೇಣಿ, ದುರ್ವ್ಯಸನಿಯಾದ ಗಂಡ ಲಚ್ಚನಿಂದ ರೋಗವನ್ನೂ ಬಡತನವನ್ನೂ ಪಡೆದು, ಮಕ್ಕಳನ್ನು ಕಳೆದುಕೊಂಡು, ಉಳಿದ ಒಬ್ಬ ಮಗ ರಾಮನನ್ನು ಬೆಳೆಸುತ್ತಾಳೆ. ಕಾರಂತರು ಇವರನ್ನು ಪೂಜ್ಯ ಪ್ರತಿಮೆಗಳನ್ನಾಗಿ ಮಾಡಿಲ್ಲ. ಬೆವರು, ಮಳೆ, ಗದ್ದೆಯ ಕೆಸರು ಇವುಗಳ ನಡುವೆಯೇ ಅವರ ಘನತೆಯನ್ನು ಕಾಣಿಸಿದ್ದಾರೆ. ಇದು ಈ ಕಾದಂಬರಿಯ ಹಿರಿಮೆ.

ಆದರೆ ನಮ್ಮ ಮನೆಗಳಲ್ಲಿ ಇಂಥ ಪುಸ್ತಕವನ್ನು ಓದುವ ಬಗೆಯಲ್ಲಿ ಒಂದು ಅಪಾಯವಿದೆ. ‘ನೋಡು, ಆಕೆ ಎಷ್ಟು ಸಹಿಸಿದಳು’ ಎಂದು ಹೆಣ್ಣುಮಕ್ಕಳಿಗೆ ತೋರಿಸುವುದು ಸುಲಭ. ಇಲ್ಲಿ ಜಿನಾಗಮದ ವಿವೇಕ ನೆರವಿಗೆ ಬರುತ್ತದೆ. ‘ತತ್ತ್ವಾರ್ಥಸೂತ್ರ’ವು ಇಪ್ಪತ್ತೆರಡು ಪರೀಷಹಗಳನ್ನು ಹೇಳುವಾಗ, ಮಾರ್ಗದಿಂದ ಜಾರದಿರಲೆಂದೂ ನಿರ್ಜರೆಗಾಗಿಯೂ ಅವನ್ನು ಸಹಿಸಬೇಕೆನ್ನುತ್ತದೆ. ಅಕಾಮ ನಿರ್ಜರೆಯನ್ನು ಅದೇ ಗ್ರಂಥ ಬೇರೆಯಾಗಿ ಎಣಿಸಿದೆ. ಸೆರೆಮನೆಯಲ್ಲಿ ಬಂಧಿತನಾದವನು ಅನಿವಾರ್ಯವಾಗಿ ಹಸಿವು ಬಾಯಾರಿಕೆಗಳನ್ನು ತಡೆಯುವುದನ್ನು ಪೂಜ್ಯಪಾದರು ‘ಸರ್ವಾರ್ಥಸಿದ್ಧಿ’ಯಲ್ಲಿ ಇದಕ್ಕೆ ಉದಾಹರಿಸುತ್ತಾರೆ. ಅಂದರೆ ಆರಿಸಿಕೊಂಡ ಸಹನೆ ಬೇರೆ, ಹೇರಲ್ಪಟ್ಟ ಸಹನೆ ಬೇರೆ. ಎರಡನೆಯದರಲ್ಲಿಯೂ ಫಲವಿರಬಹುದು, ಆದರೆ ಸೆರೆಗೆ ತಳ್ಳಿದವನಿಗೆ ಅದರಿಂದ ಪುಣ್ಯವಿಲ್ಲ.

ಈ ಅಳತೆಗೋಲಿನಿಂದ ನೋಡಿದರೆ ಪಾರೋತಿಯ ಮೌನ ಬಹುಪಾಲು ಹೇರಿದ್ದು. ನಾಗವೇಣಿಯ ಬಾಳಿನ ಉತ್ತರಾರ್ಧ ಹಾಗಲ್ಲ. ಮಣ್ಣಿನ ದುಡಿಮೆ, ಮಗನ ಪೋಷಣೆ, ಪಿಟೀಲಿನ ನಾದ ಇವುಗಳಲ್ಲಿ ಆಕೆಯ ಸ್ವಂತ ಸಂಕಲ್ಪ ಅರಳಿದೆ. ರಾಷ್ಟ್ರೀಯ ಹೋರಾಟಕ್ಕಿಳಿದು, ಕೊನೆಗೆ ಊರಿನ ಮಣ್ಣಿಗೆ ಮರಳುವ ರಾಮನ ಆಯ್ಕೆಯಾದರೋ ಸ್ಪಷ್ಟವಾದುದೇ. ಆದರೂ ಹೆಂಗಸರ ಭಾಗಕ್ಕಿರುವ ಕಾವು ಅವನ ಭಾಗಕ್ಕಿಲ್ಲ. ಅಲ್ಲಿ ವಿವರಣೆಯ ಭಾರ ಹೆಚ್ಚು.

ಕಾರಂತರು ಮೌನವಾಗಿ ಬಿಟ್ಟುದನ್ನು ಕುಂದಾಪುರದವರೇ ಆದ ವೈದೇಹಿಯವರ ಕಥೆಗಳು ಮಾತಾಗಿಸುತ್ತವೆ. ಅವರ ‘ಅಕ್ಕು’ ಗಂಡ ತೊರೆದ ಹೆಣ್ಣು. ಮನೆಯವರ ಪಾಲಿಗೆ ಹುಚ್ಚಿ. ‘ಅಮ್ಮಚ್ಚಿಯೆಂಬ ನೆನಪು’ ಕಥೆಯ ಅಮ್ಮಚ್ಚಿ, ತನ್ನಿಷ್ಟದಂತೆ ಬಾಳಬಯಸಿ ಒಲ್ಲದ ಮದುವೆಗೆ ಸಿಲುಕುವವಳು. ಕುಂದಾಪುರದ ಆಡುನುಡಿಯ ಸೊಗಡಿನ ಈ ಕಥೆಗಳಲ್ಲಿ ಹಿಂಸೆಗೆ ಆಯುಧ ಬೇಕಾಗಿಲ್ಲ. ನಗೆ, ಅಡ್ಡಹೆಸರು, ಹಿರಿಯರ ಒಂದು ತೀರ್ಮಾನ ಸಾಕು. ಮನ, ವಚನ, ಕಾಯಗಳಿಂದ ಅಹಿಂಸೆಯನ್ನು ಪಾಲಿಸಬೇಕೆನ್ನುವ ಕುಟುಂಬಗಳು ಓದಲೇಬೇಕಾದ ಕಥೆಗಳಿವು.

ಇನ್ನು ಅಸಾಮಾನ್ಯರ ಬಾಳು. ಕಾರಂತರು ಗಾಂಧೀಜಿಯವರ ಕರೆಗೆ ಓಗೊಟ್ಟು ಕಾಲೇಜು ತೊರೆದವರು. ತುರ್ತುಪರಿಸ್ಥಿತಿಯನ್ನು ಪ್ರತಿಭಟಿಸಿ ಪದ್ಮಭೂಷಣವನ್ನು ಹಿಂದಿರುಗಿಸಿದವರು. ಕೈಗಾ ಅಣುಸ್ಥಾವರವನ್ನು ವಿರೋಧಿಸಿದವರು. 1989ರಲ್ಲಿ, ಎಂಬತ್ತೇಳರ ವಯಸ್ಸಿನಲ್ಲಿ, ಲೋಕಸಭೆಗೆ ಸ್ಪರ್ಧಿಸಿ ಸೋತವರು. ಆದರೆ ಅವರ ಆತ್ಮಕಥೆ ‘ಹುಚ್ಚು ಮನಸ್ಸಿನ ಹತ್ತು ಮುಖಗಳು’ ತನ್ನ ಹೆಸರಿನಿಂದಲೇ ಆರಾಧನೆಯನ್ನು ದೂರವಿಡುತ್ತದೆ. ಕೈಗೂಡದ ಪ್ರಯೋಗಗಳನ್ನೂ ಅದು ಮುಚ್ಚಿಡುವುದಿಲ್ಲ. ದೇವರ ವಿಷಯದಲ್ಲಿ ಅವರು ತಳೆದ ಸಂಶಯವನ್ನು ಎಲ್ಲರೂ ಒಪ್ಪಬೇಕಾಗಿಲ್ಲ. ಕಂಡುದನ್ನು ಕಂಡಂತೆ ನುಡಿಯುವ ಸತ್ಯವ್ರತವನ್ನು ಮಾತ್ರ ಯಾರೂ ಅಲ್ಲಗಳೆಯಲಾರರು.

ನಮ್ಮ ಸಮಾಜದಲ್ಲಿ ಹೊರಬರುವ ಜೀವನಚರಿತ್ರೆಗಳೂ ಅಭಿನಂದನ ಗ್ರಂಥಗಳೂ ಕಲಿಯಬೇಕಾದುದು ಇಲ್ಲಿದೆ. ದಾನದ ಮೊತ್ತ, ಪದವಿ, ಬಿರುದುಗಳ ಪಟ್ಟಿಯಿಂದ ಧೈರ್ಯ ತಿಳಿಯುವುದಿಲ್ಲ. ಆ ವ್ಯಕ್ತಿ ಯಾವ ಲಾಭವನ್ನು ಬೇಡವೆಂದರು, ಯಾವ ಅನ್ಯಾಯಕ್ಕೆ ತಲೆಬಾಗಲಿಲ್ಲ, ಎಲ್ಲಿ ಸೋತರು ಎಂಬುದನ್ನು ಬರೆದರೆ ತಿಳಿಯುತ್ತದೆ. ಹಾಗೆಯೇ, ಅವರ ಏಳಿಗೆಗಾಗಿ ಮನೆಯೊಳಗೆ ಯಾರು ಮೌನವಾಗಿ ಸಹಿಸಿದರೆಂಬುದನ್ನೂ ಬರೆಯಬೇಕು. ಬಸದಿಗಳ ಪುಸ್ತಕ ಭಂಡಾರಗಳಲ್ಲಿ ಪುರಾಣಗಳ ಪಕ್ಕದಲ್ಲಿ ‘ಮರಳಿ ಮಣ್ಣಿಗೆ’ಗೂ ವೈದೇಹಿಯವರ ಕಥೆಗಳಿಗೂ ಸ್ಥಳ ದೊರೆಯಲಿ. ಬಾಹುಬಲಿಯ ತ್ಯಾಗವನ್ನು ಕೊಂಡಾಡುವ ನಾಲಗೆ, ಮನೆಯ ಪಾರೋತಿಯ ಮೌನವನ್ನು ತ್ಯಾಗವೆಂದು ಕರೆಯುವ ಮೊದಲು ಆಕೆಯನ್ನೇ ಒಮ್ಮೆ ಕೇಳಲಿ.