ಕಾಲನಿರ್ಣಯವೂ ಅರ್ಥನಿರ್ಣಯವೂ: ‘ಎಪಿಗ್ರಾಫಿಯಾ ಕರ್ನಾಟಿಕ’ದ ವಿಮರ್ಶೆ

ಶಿಲೆಯ ಮೇಲಣ ಅಕ್ಷರವನ್ನು ಓದುವುದು ಒಂದು ವಿದ್ಯೆ; ಓದಿದ ವಾಕ್ಯದ ಅಭಿಪ್ರಾಯವನ್ನು ಗ್ರಹಿಸುವುದು ಮತ್ತೊಂದು. ಕನ್ನಡನಾಡಿನಲ್ಲಿ ಮೊದಲನೆಯ ವಿದ್ಯೆಯು ಎಷ್ಟು ದೂರ ಮುಂದುವರಿದಿದೆಯೆಂಬುದಕ್ಕೆ ‘ಎಪಿಗ್ರಾಫಿಯಾ ಕರ್ನಾಟಿಕ’ವೆಂಬ ಸಂಪುಟಮಾಲೆಯೇ ಸಾಕ್ಷಿ. ಎರಡನೆಯದು ಅದರೊಡನೆ ಸಮನಾಗಿ ಬೆಳೆಯಿತೆ ಎಂಬುದು ವಿಚಾರಾರ್ಹವಾದ ವಿಷಯ.

ಈ ಮಾಲೆಯ ಪ್ರಥಮ ಸಂಪುಟವು ಕೊಡಗಿನ ಶಾಸನಗಳನ್ನೊಳಗೊಂಡು 1886ರಲ್ಲಿ ಪ್ರಕಟವಾಯಿತು. 1837ರಲ್ಲಿ ಬೆಂಗಳೂರಿನಲ್ಲಿಯೇ ಜನಿಸಿದ ಬೆಂಜಮಿನ್ ಲೂಯಿ ರೈಸರು ಇದರ ಕರ್ತರು. ಅವರು ಕನ್ನಡ ಪಂಡಿತರ ಸಹಾಯದಿಂದ 12 ಸಂಪುಟಗಳಲ್ಲಿ ಸುಮಾರು 9000 ಶಾಸನಗಳನ್ನು ಲೋಕಕ್ಕೆ ಒಪ್ಪಿಸಿ 1906ರಲ್ಲಿ ನಿವೃತ್ತರಾದರು. ಕಾರ್ಯವು ಅವರೊಡನೆಯೇ ನಿಲ್ಲಲಿಲ್ಲ. ಆರ್. ನರಸಿಂಹಾಚಾರ್ಯರು, ಆರ್. ಶಾಮಶಾಸ್ತ್ರಿಗಳು, ಎಂ. ಎಚ್. ಕೃಷ್ಣ ಅವರು ಒಬ್ಬರಾದ ಮೇಲೊಬ್ಬರು ಮೈಸೂರಿನ ಪುರಾತತ್ತ್ವ ಇಲಾಖೆಯ ಧುರವನ್ನು ಹೊತ್ತರು. 1972ರಿಂದ ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆಯು ಪರಿಷ್ಕೃತ ಸಂಪುಟಗಳನ್ನು ಹೊರತರತೊಡಗಿತು. ಶ್ರವಣಬೆಳಗೊಳದ ಶಾಸನಗಳು ರೈಸರ 1889ರ ಸಂಪುಟದಲ್ಲಿ 144. ನರಸಿಂಹಾಚಾರ್ಯರ 1923ರ ಪರಿಷ್ಕರಣದಲ್ಲಿ 500. 1973ರ ಪರಿಷ್ಕರಣದಲ್ಲಿ 573. ಮೊದಲಿನವರು ಬಿಟ್ಟುದನ್ನು ಹಿಂದೆ ಬಂದವರು ಹುಡುಕಿ ಸೇರಿಸಿದರು. ಗುರುವಿನ ಕೃತಿಯನ್ನು ಶಿಷ್ಯನು ತಿದ್ದುವುದು ಗುರುವಿಗೆ ಅವಮಾನವಲ್ಲ, ವಿದ್ಯೆಗೆ ಭೂಷಣ. ಈ ಮಾಲೆಯ ಗುಣಗಳಲ್ಲಿ ಇದೇ ಅಗ್ರಗಣ್ಯವಾದುದು.

ದಾವಣಗೆರೆ ಹರಿಹರಗಳ ವಾಚಕರಿಗೆ ಮಾಲೆಯ 11ನೆಯ ಸಂಪುಟವು ಮನೆಯ ಗ್ರಂಥವಿದ್ದಂತೆ. 1903ರಲ್ಲಿ ಪ್ರಕಟವಾದ ಈ ಚಿತ್ರದುರ್ಗ ಸಂಪುಟದಲ್ಲಿ, 1892ರಲ್ಲಿ ರೈಸರು ಬ್ರಹ್ಮಗಿರಿಯ ಸುತ್ತ ಕಂಡುಹಿಡಿದ ಅಶೋಕನ ಶಾಸನಗಳೂ, ಆಗ ದಾವಣಗೆರೆ ತಾಲ್ಲೂಕಿನಲ್ಲಿದ್ದ ಹರಿಹರದ ಶಾಸನಗಳೂ ಸೇರಿವೆ. ಗ್ರಂಥದ ವಿನ್ಯಾಸವನ್ನು ನೋಡಿದರೆ ಕರ್ತರ ದೃಷ್ಟಿಯು ಸ್ಪಷ್ಟವಾಗುತ್ತದೆ. ಪೀಠಿಕೆಯು ಆಂಗ್ಲಭಾಷೆಯಲ್ಲಿದೆ. ಅದರಲ್ಲಿ ಮೌರ್ಯರಿಂದ ವಿಜಯನಗರದವರವರೆಗೆ ರಾಜವಂಶಗಳ ಕ್ರಮ, ಅರಸರ ತೇದಿ, ಯುದ್ಧಗಳ ಪ್ರಸ್ತಾಪ. ಶಾಸನವು ಇಲ್ಲಿ ಮುಖ್ಯವಾಗಿ ಸಾಕ್ಷಿ. ಸಾಕ್ಷಿಯಿಂದ ಬೇಕಾದ ಉತ್ತರವು ದೊರೆತೊಡನೆ ಅವನನ್ನು ಕಳುಹಿಸಿಬಿಡುವುದು ನ್ಯಾಯಸ್ಥಾನದ ವಾಡಿಕೆ. ಗಂಗರ ತಾಮ್ರಪಟಗಳ ವಿಷಯದಲ್ಲಿ ರೈಸರಿಗೂ ಫ್ಲೀಟರಿಗೂ ನಡೆದ ಪ್ರಸಿದ್ಧವಾದ ವಾದವೂ ಅವು ನಿಜವೋ ಕೃತಕವೋ, ಯಾವ ಕಾಲದವು ಎಂಬುದನ್ನೇ ಕುರಿತದ್ದು.

ಈ ಸಂದರ್ಭದಲ್ಲಿ ಪರದೇಶದ ಒಂದು ವೃತ್ತಾಂತವು ಸ್ಮರಣೀಯವಾಗಿದೆ. ಮಧ್ಯ ಅಮೆರಿಕದಲ್ಲಿ ಮಾಯಾ ಎಂಬ ಪ್ರಾಚೀನ ಜನಾಂಗದವರು ಕಲ್ಲುಗಳ ಮೇಲೆ ಚಿತ್ರಾಕ್ಷರಗಳನ್ನು ಕೆತ್ತಿದ್ದರು. ವಾಷಿಂಗ್‌ಟನ್ನಿನ ಕಾರ್ನೆಗಿ ಸಂಸ್ಥೆಯ ವಿದ್ವಾಂಸರು 1914ರಿಂದ 1958ರವರೆಗೆ ಆ ಜನಾಂಗದ ಅವಶೇಷಗಳನ್ನು ಶೋಧಿಸಿದರು. ಬಹುಕಾಲ ಅವರಿಗೆ ನಿಶ್ಚಯವಾಗಿ ಓದಲು ಬರುತ್ತಿದ್ದುದು ತಿಥಿಗಣನೆ ಮಾತ್ರ. ಆದಕಾರಣ ಆ ಕಲ್ಲುಗಳಲ್ಲಿ ಕಾಲವೂ ಗ್ರಹಚಾರವೂ ಹೊರತು ಮನುಷ್ಯರ ಚರಿತ್ರೆಯಿಲ್ಲವೆಂದೇ ದೊಡ್ಡ ಪಂಡಿತರು ನಂಬಿದ್ದರು. 1952ರಲ್ಲಿ ರಷ್ಯಾದ ಕ್ನೊರೊಜೊವ್ ಎಂಬವರು ಆ ಲಿಪಿಯಲ್ಲಿ ಉಚ್ಚಾರಣೆಯ ಚಿಹ್ನೆಗಳಿವೆಯೆಂದು ತೋರಿಸಿದರು. 1960ರಲ್ಲಿ ತಾತಿಯಾನಾ ಪ್ರೊಸ್ಕೊರಿಯಾಕಾಫ್ ಎಂಬ ವಿದುಷಿಯು ಆ ತಿಥಿಗಳು ಅರಸರ ಜನನ, ಪಟ್ಟಾಭಿಷೇಕಗಳವೆಂದು ಸಿದ್ಧಪಡಿಸಿದರು. ಅಂದಿನಿಂದ ಆ ಕಲ್ಲುಗಳಲ್ಲಿ ಮನುಷ್ಯರು ಕಾಣಿಸಿಕೊಂಡರು.

ಮಾಯಾ ಲಿಪಿಯು ತಿಳಿಯದಿದ್ದುದರಿಂದ ಅಲ್ಲಿನವರು ತೇದಿಯನ್ನಷ್ಟೇ ಓದಿದರು. ಕನ್ನಡಿಗರಿಗೆ ಲಿಪಿಯೂ ಗೊತ್ತು, ಭಾಷೆಯೂ ಗೊತ್ತು. ಹೀಗಿದ್ದೂ ತೇದಿಯಲ್ಲಿಯೇ ನಿಂತರೆ ಆ ದೋಷವನ್ನು ಯಾರ ಮೇಲೆ ಹೊರಿಸಬೇಕು? 1936ರಲ್ಲಿ ಕೃಷ್ಣ ಅವರು ಕಂಡುಹಿಡಿದ ಹಲ್ಮಿಡಿ ಶಾಸನದ ಕಾಲವು ಸುಮಾರು 450 ಎಂಬುದನ್ನು ಪಾಠಶಾಲೆಯ ಬಾಲಕನೂ ಬಲ್ಲನು. ಅದು ಯುದ್ಧದಲ್ಲಿ ಪರಾಕ್ರಮವನ್ನು ಮೆರೆದ ಒಬ್ಬ ವೀರನಿಗೆ ಬಾಳ್ಗಳ್ಚಾಗಿ ಊರುಗಳನ್ನು ಕೊಟ್ಟ ಪತ್ರವೆಂಬುದನ್ನು ಬಲ್ಲವರು ಎಷ್ಟು ಮಂದಿ?

ಹರಿಹರದ ಶಾಸನವೂ ಇದಕ್ಕೆ ನಿದರ್ಶನವಾಗಿದೆ. ತುಂಗಭದ್ರೆಯ ತೀರದಲ್ಲಿ ಹರಿಹರೇಶ್ವರನ ಗುಡಿಯನ್ನು ಕಟ್ಟಿಸಿದವನು ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕನಾದ ಪೊಲಾಳ್ವ, ಕಾಲ 1224. ಚರಿತ್ರಕಾರನಿಗೆ ಇಷ್ಟು ಸಾಕು. ಆದರೆ ಶಾಸನಕವಿಯು ಹೇಳಹೊರಟದ್ದು ಬೇರೆ. ಹರಿಯೇ ದೈವವೆಂದು ಕೆಲವರು, ಹರನೇ ದೈವವೆಂದು ಕೆಲವರು ಹೇಳುತ್ತಿರಲು, ಲೋಕದ ಸಂದೇಹವನ್ನು ನಿವಾರಿಸುವುದಕ್ಕಾಗಿ ಇಬ್ಬರೂ ಕೂಡಲೂರಿನಲ್ಲಿ ಏಕಮೂರ್ತಿಯಾಗಿ ನಿಂತರೆಂಬುದು ಅವನ ಅಭಿಪ್ರಾಯ. ಮತಭೇದದ ನಡುವೆ ಒಂದು ಊರು ಕಂಡುಕೊಂಡ ಉತ್ತರವಿದು. ಇದನ್ನು ಬಿಟ್ಟು 1224 ಎಂಬ ಅಂಕವನ್ನು ಮಾತ್ರ ಉಳಿಸಿಕೊಂಡರೆ ಹಣ್ಣನ್ನು ಚೆಲ್ಲಿ ಸಿಪ್ಪೆಯನ್ನು ಕಾಪಿಟ್ಟಂತಾಗುತ್ತದೆ.

ಹಾಗೆಂದು ರೈಸರನ್ನು ದೂಷಿಸುವುದು ಕೃತಘ್ನತೆ. ಕಾಲನಿರ್ಣಯವಿಲ್ಲದೆ ಅರ್ಥನಿರ್ಣಯವೂ ಅಸಾಧ್ಯ. ಶಾಸನಗಳ ಆಧಾರವಿಲ್ಲದಿದ್ದರೆ ನರಸಿಂಹಾಚಾರ್ಯರು 1907ರಲ್ಲಿ ‘ಕರ್ನಾಟಕ ಕವಿಚರಿತೆ’ಯ ಪ್ರಥಮ ಸಂಪುಟದಲ್ಲಿ ಕವಿಗಳ ಕಾಲಗಳನ್ನು ಅಷ್ಟು ಧೈರ್ಯದಿಂದ ನಿಶ್ಚಯಿಸಲಾಗುತ್ತಿರಲಿಲ್ಲ. ಇದಲ್ಲದೆ ರೈಸರು ಶಾಸನಗಳ ಮೂಲವನ್ನು ರೋಮನ್ ಲಿಪಿಯಲ್ಲಿ ಮಾತ್ರವಲ್ಲದೆ ಕನ್ನಡ ಲಿಪಿಯಲ್ಲಿಯೂ ಅಚ್ಚುಹಾಕಿಸಿದರು. ಬಾಗಿಲನ್ನು ಅವರು ತೆರೆದೇ ಇಟ್ಟಿದ್ದರು, ಒಳಹೊಗಬೇಕಾಗಿದ್ದವರು ಕನ್ನಡಿಗರು.

ಕರ್ತವ್ಯವು ಕಠಿಣವಾದುದೇನಲ್ಲ. ಸಂಸ್ಕೃತ ಪಾಠಶಾಲೆಗಳಲ್ಲಿ ಶ್ಲೋಕವನ್ನು ಕಲಿಸುವ ಕ್ರಮವೊಂದುಂಟು: ಪದಚ್ಛೇದ, ಅನ್ವಯ, ತಾತ್ಪರ್ಯ. ಅದೇ ಕ್ರಮದಿಂದ ಶಾಸನವನ್ನೂ ಓದಬಹುದು. ನೂರಾರು ಶಾಸನಗಳ ಆರಂಭದಲ್ಲಿರುವ ಶಂಭುಸ್ತುತಿಯು ಬಾಣಭಟ್ಟನ ‘ಹರ್ಷಚರಿತ’ದ ಮಂಗಳಶ್ಲೋಕವೆಂದು ತಿಳಿದಾಗಲೇ ಹಳ್ಳಿಯ ಕಲ್ಲಿಗೂ ಮಹಾಕವಿಗೂ ಇರುವ ನಂಟು ಮನವರಿಕೆಯಾಗುತ್ತದೆ. ಜಿಲ್ಲೆಯ ಸಾಹಿತ್ಯಸಂಘಗಳು ತಿಂಗಳಿಗೊಂದು ಸ್ಥಳೀಯ ಶಾಸನವನ್ನು ಹೀಗೆ ಬಿಡಿಸಿ ಓದಿಸಿದರೆ ಈ ಸಂಪುಟಗಳ ಶ್ರಮವು ಸಾರ್ಥಕವಾದೀತು.

ಇದರಲ್ಲಿ ವಿಳಂಬವು ಸಲ್ಲದು. ಮಳೆಬಿಸಿಲುಗಳಿಗೆ ಕಲ್ಲಿನ ಅಕ್ಷರವು ಸವೆಯುವಂತೆಯೇ, ಅಭ್ಯಾಸವಿಲ್ಲದೆ ಹಳಗನ್ನಡವನ್ನು ಓದಬಲ್ಲವರ ಸಂಖ್ಯೆಯೂ ಸವೆಯುತ್ತದೆ. ಕಲ್ಲು ಸವೆದರೆ ಸಂಪುಟದಲ್ಲಿ ಪಾಠವುಳಿದೀತು. ಓದುವವರೇ ಇಲ್ಲವಾದರೆ ಸಂಪುಟವೂ ಮತ್ತೊಂದು ಕಲ್ಲೇ ಆಗುತ್ತದೆ. ನಿಟ್ಟುವಳ್ಳಿಯ ಬಾಲಕನೊಬ್ಬನು ಹಬ್ಬದ ದಿನ ಹರಿಹರಕ್ಕೆ ಹೋಗಿ, ದೇವಸ್ಥಾನದಲ್ಲಿ ಶಾಸನದ ಮುಂದೆ ನಿಂತು, ಇದು ಯಾವ ಇಸವಿಯದು ಎಂದು ಕೇಳದೆ, ಇದು ಏನನ್ನು ಹೇಳುತ್ತದೆ ಎಂದು ಕೇಳಬೇಕು. ಕೇಳಿದಾಗ ಉತ್ತರ ಹೇಳಬಲ್ಲ ಹಿರಿಯರೊಬ್ಬರು ಅವನ ಮನೆಯಲ್ಲಿಯೇ ಇರಬೇಕು.